ಕೊನೆ ಗೊತ್ತಿಲ್ಲದ ಪಾತ್ರಗಳು: ಧಾರಾವಾಹಿಯಲ್ಲಿ ನನ್ನ ಮೊದಲ ವರ್ಷಗಳು

ರಂಗಭೂಮಿಯಿಂದ ಕಿರುತೆರೆಗೆ ಬಂದವರನ್ನು ಎಲ್ಲರೂ ಕೇಳುವ ಮೊದಲ ಪ್ರಶ್ನೆ, ನಾಟಕಕ್ಕೂ ಧಾರಾವಾಹಿಗೂ ಏನು ವ್ಯತ್ಯಾಸ ಎಂಬುದು. ಕ್ಯಾಮೆರಾದ ಮುಂದೆ ದನಿ ತಗ್ಗಿಸಬೇಕು, ಕೈಕಾಲು ಕಡಿಮೆ ಆಡಿಸಬೇಕು ಎಂಬ ಉತ್ತರ ನಮ್ಮೆಲ್ಲರ ಬಾಯಲ್ಲೂ ಸಿದ್ಧವಾಗಿರುತ್ತದೆ, ಮತ್ತು ಆ ಉತ್ತರ ಸುಳ್ಳೇನೂ ಅಲ್ಲ. ಆದರೆ ಅದನ್ನು ಕೆಲವು ವಾರಗಳಲ್ಲಿ ಕಲಿತುಬಿಡಬಹುದು. ನನ್ನನ್ನು ವರ್ಷಗಟ್ಟಲೆ ಕಾಡಿದ ತೊಡಕು ಬೇರೆ. ನಾಟಕದಲ್ಲಿ ನನ್ನ ಪಾತ್ರ ಕೊನೆಯ ದೃಶ್ಯದಲ್ಲಿ ಏನಾಗುತ್ತದೆಂಬುದು ತಾಲೀಮಿನ ಮೊದಲ ದಿನವೇ ತಿಳಿದಿರುತ್ತಿತ್ತು. ಧಾರಾವಾಹಿಯಲ್ಲಿ ಆಕೆ ಮುಂದಿನ ವಾರ ಒಳ್ಳೆಯವಳೋ ಕೆಟ್ಟವಳೋ ಎಂಬುದು ನನಗೂ ಗೊತ್ತಿರುತ್ತಿರಲಿಲ್ಲ, ಬರೆಯುವವರಿಗೂ ಪೂರ್ತಿ ಗೊತ್ತಿರುತ್ತಿರಲಿಲ್ಲ.

ನಾನು ಹಾವೇರಿ ಜಿಲ್ಲೆಯ ಹಾನಗಲ್ಲು ಕಡೆಯವಳು. ಪದವಿ ಮುಗಿಸಿ 2015ರಲ್ಲಿ ಹೆಗ್ಗೋಡಿನ ನೀನಾಸಮ್ ರಂಗಶಿಕ್ಷಣ ಕೇಂದ್ರಕ್ಕೆ ಸೇರಿದೆ. ಕೆ.ವಿ. ಸುಬ್ಬಣ್ಣನವರು ಊರಿನ ಗೆಳೆಯರೊಂದಿಗೆ 1949ರಲ್ಲಿ ಕಟ್ಟಿದ ಸಂಸ್ಥೆ ಅದು; ಶಿಕ್ಷಣ ಕೇಂದ್ರ 1980ರಲ್ಲಿ ಶುರುವಾಯಿತು, ಊರೂರಿಗೆ ನಾಟಕ ಒಯ್ಯುವ ತಿರುಗಾಟ 1985ರಲ್ಲಿ. ಕೋರ್ಸು ಮುಗಿದ ಮೇಲೆ ನಾನೂ ಒಂದು ವರ್ಷ ತಿರುಗಾಟದಲ್ಲಿದ್ದೆ. ಮಧ್ಯಾಹ್ನ ರಂಗಸಜ್ಜಿಕೆ ಕಟ್ಟಿ, ಸಂಜೆ ನಾಟಕವಾಡಿ, ರಾತ್ರಿಯೇ ಎಲ್ಲವನ್ನೂ ಬಿಚ್ಚಿ ಗಾಡಿಗೆ ತುಂಬಿ, ಮರುದಿನ ಮತ್ತೊಂದು ಊರಿನಲ್ಲಿ ಅದೇ ಮಾತುಗಳನ್ನು ಮತ್ತೆ ಆಡುವುದರಲ್ಲಿ ಒಂದು ಸುಖವಿತ್ತು. ಶಿರಸಿಯಲ್ಲಿ ಹಿಡಿತಕ್ಕೆ ಸಿಗದ ಮಾತು ಗದಗಿನಲ್ಲಿ ಸಿಗಬಹುದೆಂಬ ಭರವಸೆಯಿತ್ತು. ಅಲ್ಲಿ ಪಾತ್ರವೆಂಬುದು ಗಟ್ಟಿಯಾಗಿ ನಿಂತ ವಸ್ತು. ನಾವು ಅದರ ಸುತ್ತ ತಿರುಗಿ ನೋಡುತ್ತಿದ್ದೆವು.

ಕಿರುತೆರೆಗೆ ಬಂದ ಕಾರಣ ಹಣ. ಅದಕ್ಕೆ ಬೇರೆ ಬಣ್ಣ ಕಟ್ಟುವ ಅಗತ್ಯವಿಲ್ಲ. ತಿರುಗಾಟ ಮುಗಿದ ಮೇಲೆ ಬೆಂಗಳೂರಿಗೆ ಬಂದು, ಮಲ್ಲತ್ತಹಳ್ಳಿಯ ಕಲಾಗ್ರಾಮದ ಹತ್ತಿರ ಇಬ್ಬರು ಗೆಳತಿಯರೊಂದಿಗೆ ಒಂದು ಕೋಣೆ ಹಿಡಿದೆ. ಹವ್ಯಾಸಿ ತಂಡಗಳಲ್ಲಿ ನಾಟಕಕ್ಕೆ ಕೊರತೆಯಿರಲಿಲ್ಲ, ಸಂಭಾವನೆಗಿತ್ತು. ರಂಗದಿಂದ ಧಾರಾವಾಹಿಗೆ ಹೋಗುವ ದಾರಿಯೇನೂ ಹೊಸದಲ್ಲ. ವೈಶಾಲಿ ಕಾಸರವಳ್ಳಿಯವರಂತಹ ರಂಗನಟಿ ಧಾರಾವಾಹಿಗಳಲ್ಲಿ ನಟಿಸಿದ್ದಲ್ಲದೆ ಅವನ್ನು ನಿರ್ದೇಶಿಸಿಯೂ ಇದ್ದರು, ಟಿ.ಎನ್. ಸೀತಾರಾಮ್ ಅವರ ಧಾರಾವಾಹಿಗಳಲ್ಲಿ ನಾಟಕದವರ ದಂಡೇ ಇರುತ್ತಿತ್ತು. ಆದರೆ ನಾನು ಬರುವ ಹೊತ್ತಿಗೆ ವ್ಯವಸ್ಥೆ ಬದಲಾಗಿತ್ತು. 2000ದಲ್ಲಿ ಬಂದ ಈಟಿವಿ ಕನ್ನಡ 2015ರಲ್ಲಿ ಕಲರ್ಸ್ ಕನ್ನಡವಾಗಿತ್ತು, ಜೀ ಕನ್ನಡ ಮತ್ತು ಸುವರ್ಣ ವಾಹಿನಿಗಳು ದೊಡ್ಡದಾಗಿ ಬೆಳೆದಿದ್ದವು, ಒಬ್ಬ ನಿರ್ದೇಶಕರ ಹೆಸರಿನಿಂದ ಗುರುತಾಗುತ್ತಿದ್ದ ಧಾರಾವಾಹಿ ಈಗ ವಾಹಿನಿಯ ಹೆಸರಿನಿಂದ ಗುರುತಾಗುತ್ತಿತ್ತು.

ಆಡಿಷನ್ ಎಂದರೆ ಬಹುಪಾಲು ಮೊಬೈಲಿನಲ್ಲಿ ಚಿತ್ರಿಸಿ ಕಳಿಸುವ ವಿಡಿಯೊ. ಹೆಸರು, ವಯಸ್ಸು, ಎತ್ತರ, ಹಿಂದೆ ಮಾಡಿದ ಕೆಲಸ ಹೇಳಿ, ಎಡಕ್ಕೊಮ್ಮೆ ಬಲಕ್ಕೊಮ್ಮೆ ಮುಖ ತಿರುಗಿಸಿ, ಕೈಗಳ ಎರಡೂ ಬದಿ ತೋರಿಸಿ, ಕೊಟ್ಟ ಸಂಭಾಷಣೆಯನ್ನು ಬಿಳಿ ಗೋಡೆಯ ಮುಂದೆ ನಿಂತು ಹೇಳಬೇಕು. ಧಾರಾವಾಹಿಗಳಿಗೆ ಕಲಾವಿದರನ್ನು ಒದಗಿಸುವ ಕೋಆರ್ಡಿನೇಟರುಗಳ ವಾಟ್ಸ್‌ಆ್ಯಪ್ ಗುಂಪುಗಳಲ್ಲಿ ದಿನವೂ ‘ನಾಯಕಿಯ ತಂಗಿ, 20ರಿಂದ 24, ಬೆಳ್ಳಗಿರಬೇಕು’ ಎಂಬಂತಹ ಸಂದೇಶಗಳು ಬರುತ್ತವೆ. ನೋಂದಣಿ ಶುಲ್ಕ ಕಟ್ಟಿ ಎನ್ನುವವರೂ ಅದೇ ಗುಂಪುಗಳಲ್ಲಿರುತ್ತಾರೆ. ಪಾತ್ರ ಕೊಡುವವರು ನಮಗೆ ದುಡ್ಡು ಕೊಡಬೇಕೇ ಹೊರತು ನಮ್ಮಿಂದ ಕೇಳುವಂತಿಲ್ಲ ಎಂದು ರೂಮಿನ ಗೆಳತಿ ಮೊದಲೇ ಎಚ್ಚರಿಸಿದ್ದಳು.

ನನ್ನ ಮಾತಿನಲ್ಲಿ ಊರಿನ ಧಾಟಿ ಉಳಿದಿತ್ತು. ವೇದಿಕೆಯ ಮೇಲೆ ಯಾವ ಸೀಮೆಯ ಕನ್ನಡವನ್ನಾದರೂ ಆಡುತ್ತಿದ್ದೆ, ಆದರೆ ಆಡಿಷನ್ನಿಗೆ ಹೋದಲ್ಲಿ ಟೀ ಕುಡಿಯುತ್ತ ಮಾತಾಡುವಾಗ ಅದು ಹೊರಬೀಳುತ್ತಿತ್ತು. ಕೇಳಿದ ಕೂಡಲೇ ಎದುರಿಗಿದ್ದವರ ಮುಖ ಅರಳುತ್ತಿತ್ತು: ‘ಮೇಡಂ, ನಮ್ಮಲ್ಲಿ ಒಂದು ಕೆಲಸದವಳ ಕ್ಯಾರೆಕ್ಟರ್ ಇದೆ, ಕಾಮಿಡಿ ಟಚ್, ನೀವು ಮಾಡಿದ್ರೆ ಸೂಪರಾಗಿರುತ್ತೆ.’ ಆ ಕಾಲದ ಧಾರಾವಾಹಿಗಳಲ್ಲಿ ಬಂಗಲೆಯ ಒಡತಿ ಬೆಂಗಳೂರು–ಮೈಸೂರಿನ ಕನ್ನಡ ಆಡುತ್ತಿದ್ದಳು, ಹುಬ್ಬಳ್ಳಿ ಕನ್ನಡ ಅಡುಗೆಮನೆಯಿಂದ ಬರುತ್ತಿತ್ತು. ಎರಡು ಸಲ ಅಂತಹ ಪಾತ್ರ ಬೇಡವೆಂದೆ. ಬಾಡಿಗೆ ಬಾಕಿಯಿದ್ದ ತಿಂಗಳು ಬಂದಿದ್ದರೆ ಒಪ್ಪುತ್ತಿದ್ದೆನೋ ಏನೋ; ಅಷ್ಟರಲ್ಲಿ 2018ರ ಮಧ್ಯದಲ್ಲಿ ಒಂದು ಧಾರಾವಾಹಿಯಲ್ಲಿ ನಾಯಕಿಯ ಓರಗಿತ್ತಿಯ ಪಾತ್ರ ಸಿಕ್ಕಿತು. ಲುಕ್ ಟೆಸ್ಟಿನಲ್ಲಿ ಮೂರು ಸೀರೆ ಉಡಿಸಿದರು, ಹುಬ್ಬು ತೀಡಿಸಿಕೊಂಡು ಬರಲು ಹೇಳಿದರು, ಮೂಗುತಿ ಯಾವ ಬದಿಗಿರಬೇಕೆಂಬ ಬಗ್ಗೆ ಚಾನೆಲ್ ಕಡೆಯವರು ದೀರ್ಘವಾಗಿ ಚರ್ಚಿಸಿದರು. ಪಾತ್ರ ಎಂತಹದ್ದು ಎಂದು ಕೇಳಿದ್ದಕ್ಕೆ ‘ಪಾಸಿಟಿವ್ ಮೇಡಂ, ಆಮೇಲೆ ಸ್ವಲ್ಪ ಗ್ರೇ ಆಗಬಹುದು’ ಎಂಬ ಉತ್ತರ ಬಂತು.

ಚಿತ್ರೀಕರಣ ನಡೆಯುತ್ತಿದ್ದದ್ದು ರಾಜರಾಜೇಶ್ವರಿ ನಗರದ ಒಂದು ಬಾಡಿಗೆ ಮನೆಯಲ್ಲಿ. ಕೆಳಗಿನ ಹಾಲ್ ಶ್ರೀಮಂತ ಮಾವನ ಮನೆ, ಹಿಂದಿನ ಶೆಡ್ಡಿನಲ್ಲಿ ನಾಯಕಿಯ ಬಡ ತವರುಮನೆ, ಮಹಡಿಯ ಮೂಲೆಯ ಕೋಣೆ ಅಗತ್ಯ ಬಿದ್ದಂತೆ ಆಸ್ಪತ್ರೆ ಅಥವಾ ಪೊಲೀಸ್ ಠಾಣೆ. ಬೆಳಿಗ್ಗೆ ಏಳಕ್ಕೆ ಮೇಕಪ್, ಒಂಬತ್ತಕ್ಕೆ ಮೊದಲ ಶಾಟ್, ರಾತ್ರಿ ಒಂಬತ್ತೂವರೆಗೆ ಪ್ಯಾಕ್‌ಅಪ್ ಎಂದು ಲೆಕ್ಕ. ಪ್ಯಾಕ್‌ಅಪ್ ಹನ್ನೊಂದಕ್ಕಾದರೂ ಯಾರಿಗೂ ಆಶ್ಚರ್ಯವಿರುತ್ತಿರಲಿಲ್ಲ. ಅರ್ಧ ಗಂಟೆಯ ಸಂಚಿಕೆಯಲ್ಲಿ ಜಾಹೀರಾತು ಕಳೆದು ಸುಮಾರು 22 ನಿಮಿಷದ ದೃಶ್ಯವಿರುತ್ತದೆ, ಮತ್ತು ವಾರಕ್ಕೆ ಐದೋ ಆರೋ ಸಂಚಿಕೆ ಪ್ರಸಾರವಾಗುವ ಧಾರಾವಾಹಿ ದಿನಕ್ಕೆ ಹೆಚ್ಚುಕಡಿಮೆ ಒಂದು ಸಂಚಿಕೆ ಮುಗಿಸದಿದ್ದರೆ ಕೈಯಲ್ಲಿರುವ ಬ್ಯಾಂಕ್ ಕರಗಿಹೋಗುತ್ತದೆ. ಬ್ಯಾಂಕ್ ಎಂದರೆ ಚಿತ್ರೀಕರಣ ಮುಗಿದು ಪ್ರಸಾರಕ್ಕೆ ಕಾದಿರುವ ಸಂಚಿಕೆಗಳು. ಅದು ಎರಡಕ್ಕೆ ಇಳಿಯಿತೆಂದರೆ ಮ್ಯಾನೇಜರಿನಿಂದ ಹಿಡಿದು ಟೀ ಕೊಡುವ ಹುಡುಗನವರೆಗೆ ಎಲ್ಲರ ದನಿಯೂ ಏರುತ್ತಿತ್ತು.

ಮೊದಲು ಇಡೀ ದೃಶ್ಯವನ್ನು ಒಟ್ಟಾಗಿ ಹಿಡಿಯುವ ಮಾಸ್ಟರ್ ಶಾಟ್, ಬಳಿಕ ಎದುರಿನವರ ಹೆಗಲ ಮೇಲಿಂದ ತೆಗೆಯುವ ಸಜೆಷನ್, ಆಮೇಲೆ ಎಲ್ಲರ ಮುಖವನ್ನು ಹತ್ತಿರದಿಂದ ಹಿಡಿಯುವ ಕ್ಲೋಸ್, ಕೊನೆಗೆ ರಿಯಾಕ್ಷನ್‌ಗಳು. ನಮ್ಮಲ್ಲಿ ಧ್ವನಿಯನ್ನು ಸೆಟ್ಟಿನಲ್ಲೇ ಮುದ್ರಿಸಿಕೊಳ್ಳುತ್ತಿದ್ದರಿಂದ ಸೆರಗಿನೊಳಗೆ ಸಣ್ಣ ಮೈಕ್ ಸಿಕ್ಕಿಸಿರುತ್ತಿದ್ದರು. ಪಕ್ಕದ ಮನೆಯ ಕುಕ್ಕರ್ ಕೂಗಿದರೆ ಟೇಕ್ ನಿಲ್ಲುತ್ತಿತ್ತು. ಮೊದಲ ವಾರ ಧ್ವನಿಗ್ರಾಹಕರು ಹೆಡ್‌ಫೋನ್ ಕಿತ್ತು ‘ಮೇಡಂ, ಹಿಂದಿನ ಸಾಲಿನವರಿಗೆ ಕೇಳಿಸೋದು ಬೇಡ, ನನಗೊಬ್ಬನಿಗೆ ಕೇಳಿಸಿದ್ರೆ ಸಾಕು’ ಎಂದರು. ಅದು ಬೇಗ ಸರಿಹೋಯಿತು. ಕಷ್ಟವಾದದ್ದು ರಿಯಾಕ್ಷನ್. ಎಲ್ಲರ ಮಾತು ಮುಗಿದು, ಎದುರಿನ ಕಲಾವಿದರು ಬೇರೆ ಸೀರೆ ಉಡಲು ಮಹಡಿಗೆ ಹೋದ ಮೇಲೆ, ಸಹಾಯಕ ನಿರ್ದೇಶಕ ಆ ದಿನದ ಸಂಭಾಷಣೆಯಿರುವ ಸೀನ್ ಪೇಪರ್ ಹಿಡಿದು ಬಸ್ಸಿನ ವೇಳಾಪಟ್ಟಿ ಓದುವ ದನಿಯಲ್ಲಿ ‘ನಿನ್ನ ಗಂಡನ ಸಾವಿಗೆ ನಾನೇ ಕಾರಣ’ ಎಂದು ಓದುತ್ತಾನೆ, ನಾನು ಗೋಡೆಗೆ ಅಂಟಿಸಿದ ಟೇಪಿನ ತುಣುಕನ್ನು ನೋಡುತ್ತ ಬೆಚ್ಚಿಬೀಳಬೇಕು. ಒಮ್ಮೆ ಅಚ್ಚರಿಯಿಂದ, ಒಮ್ಮೆ ಕೋಪದಿಂದ, ಒಮ್ಮೆ ಕಣ್ಣೀರಿನಿಂದ ಎಂದು ಮೂರು ಬಗೆಯಲ್ಲಿ ತೆಗೆದುಕೊಳ್ಳುತ್ತಿದ್ದರು. ಯಾವುದು ಬೇಕೆಂಬುದನ್ನು ಎಡಿಟಿಂಗ್‌ನಲ್ಲಿ ನೋಡೋಣ ಎನ್ನುತ್ತಿದ್ದರು. ಅತ್ತೆಯ ಪಾತ್ರ ಮಾಡುತ್ತಿದ್ದ ಹಿರಿಯ ನಟಿಯೊಬ್ಬರು, ನಾವೆಲ್ಲ ಅಮ್ಮ ಎಂದೇ ಕರೆಯುತ್ತಿದ್ದವರು, ನನ್ನ ಪೇಚಾಟ ನೋಡಿ ಹೇಳಿದರು: ‘ಮಗಳೇ, ಬೆಚ್ಚಿಬೀಳೋಕೆ ಹೋಗ್ಬೇಡ. ಏನೋ ಕೇಳಿಸ್ತು, ಸರಿಯಾಗಿ ಕೇಳಿಸ್ಲಿಲ್ಲ ಅಂತ ಕಿವಿ ಕೊಡು. ಉಳಿದಿದ್ದನ್ನ ಮ್ಯೂಸಿಕ್‌ನವರು ನೋಡ್ಕೋತಾರೆ.’ ನಟನೆಯ ಬಗ್ಗೆ ಸೆಟ್ಟಿನಲ್ಲಿ ಸಿಕ್ಕ ಇಷ್ಟು ಉಪಯುಕ್ತವಾದ ಪಾಠ ಬೇರೊಂದಿಲ್ಲ.

ಸೀನ್ ಪೇಪರ್ ಬರುತ್ತಿದ್ದದ್ದು ಅದೇ ಬೆಳಿಗ್ಗೆ, ಹಲವು ಸಲ ನಾನು ಮೇಕಪ್ಪಿಗೆ ಕುಳಿತ ಮೇಲೆ. ಕಥೆ ಒಬ್ಬರದು, ಚಿತ್ರಕಥೆ ಇನ್ನೊಬ್ಬರದು, ಸಂಭಾಷಣೆ ಮತ್ತೊಬ್ಬರದು. ಮೂವರ ಮೇಲೂ ಚಾನೆಲ್ಲಿನ ತಂಡ. ಈ ಎಲ್ಲರ ಮೇಲೆ ಗುರುವಾರ. ಪ್ರೇಕ್ಷಕರ ಅಳತೆ ಮಾಡುವ ಬಾರ್ಕ್ ಸಂಸ್ಥೆಯ ಅಂಕಿಗಳು ಪ್ರತಿ ಗುರುವಾರ ಹೊರಬರುತ್ತವೆ. ಶನಿವಾರದಿಂದ ಶುಕ್ರವಾರದವರೆಗಿನ ವಾರದ ಲೆಕ್ಕ ಮುಂದಿನ ಗುರುವಾರ ಸಿಗುತ್ತದೆ. ಆ ದಿನ ಮಧ್ಯಾಹ್ನದ ಊಟದ ಹೊತ್ತಿಗೆ ಸೆಟ್ಟಿನ ಹವೆಯೇ ಬದಲಾಗುತ್ತಿತ್ತು. ಅಂಕಿ ಏರಿದರೆ ಹೋಳಿಗೆ, ಇಳಿದರೆ ಕಥೆಯಲ್ಲಿ ತಿರುವು. ನನ್ನ ಓರಗಿತ್ತಿ ಮೊದಲ ತಿಂಗಳುಗಳಲ್ಲಿ ನಾಯಕಿಯ ಪರವಾಗಿ ಅತ್ತೆಯ ಎದುರು ಮಾತಾಡುವ ನ್ಯಾಯವಂತೆ. ಅಂಥದೊಂದು ಗುರುವಾರ ಕಳೆದು ಮುಂದಿನ ಸೋಮವಾರದ ಪೇಪರಿನಲ್ಲಿ ಆಕೆ ನಾಯಕಿಯ ಹಾಲಿನ ಲೋಟಕ್ಕೆ ಪುಡಿ ಬೆರೆಸುತ್ತಿದ್ದಳು. ಏಕೆ ಎಂದು ಕೇಳಿದೆ. ಸಂಚಿಕೆ ನಿರ್ದೇಶಕರಿಗೂ ತಿಳಿದಿರಲಿಲ್ಲ. ‘ಮೇಲಿಂದ ಬಂದಿದೆ, ಕಾರಣ ಮುಂದೆ ಬರುತ್ತೆ’ ಎಂದರು. ಕಾರಣ ಬರುವ ಮೊದಲೇ ಇನ್ನೊಂದು ಗುರುವಾರ ಬಂತು, ಪುಡಿಯ ಎಳೆಯನ್ನು ಕೈಬಿಟ್ಟರು, ನಾನು ತವರಿಗೆ ಹೋದೆನೆಂದು ಅತ್ತೆಯ ಬಾಯಲ್ಲಿ ಒಂದು ಸಾಲು ಹೇಳಿಸಿದರು.

ತವರಿಗೆ ಹೋಗುವುದೆಂದರೆ ನಮ್ಮ ಕಸುಬಿನಲ್ಲಿ ಕೆಲಸವಿಲ್ಲದೆ ಕೂರುವುದು. ಊರಿನಿಂದ ಅವ್ವ ಫೋನು ಮಾಡಿದಳು: ‘ಏನವಾ, ಎರಡು ವಾರ ಆತು, ನೀ ಟೀವ್ಯಾಗ ಕಾಣವಲ್ಲಿ. ಜಗಳ ಏನರ ಮಾಡ್ಕೊಂಡಿಯೇನ?’ ಇಲ್ಲವೆಂದೆ. ‘ಮತ್ತ ಆ ಹಾಲಿನಾಗ ಏನ ಹಾಕಿದ್ದಿ?’ ಎಂದು ಕೇಳಿದಳು. ಅದಕ್ಕೆ ನನ್ನಲ್ಲಿ ಉತ್ತರವಿರಲಿಲ್ಲ.

ಹಣದ ವಿಷಯವನ್ನು ಬಿಡಿಸಿ ಹೇಳುತ್ತೇನೆ, ಏಕೆಂದರೆ ಹೊಸಬರು ಕೇಳಲು ಸಂಕೋಚಪಡುವ ಸಂಗತಿ ಇದೇ. ನನಗೆ ದಿನಕ್ಕೆ 1,500 ರೂಪಾಯಿ ಎಂದು ಮಾತಾಗಿತ್ತು. ವೃತ್ತಿಪರ ಸೇವೆಯ ಪಾವತಿಯೆಂದು ಅದರಲ್ಲಿ ಶೇ 10ರಷ್ಟು ಟಿಡಿಎಸ್, ಅಂದರೆ ಹಣ ಕೊಡುವಾಗಲೇ ಹಿಡಿದುಕೊಳ್ಳುವ ಆದಾಯ ತೆರಿಗೆ, ಕಡಿತವಾಗಿ 1,350 ಉಳಿಯುತ್ತಿತ್ತು. ಈ ತಿಂಗಳ ಕೆಲಸದ ಹಣ ಎರಡರಿಂದ ಮೂರು ತಿಂಗಳ ನಂತರ ಬರುತ್ತದೆ. ನಾಯಕ ನಾಯಕಿಯರಿಗೆ ಉಡುಪು ನಿರ್ಮಾಪಕರದು. ನನ್ನಂತಹ ಪೋಷಕ ಪಾತ್ರದವರು ಸೀರೆ, ಒಡವೆ ತಾವೇ ತರಬೇಕು, ಅದೂ ಒಂದೇ ಸೀರೆ ಮೇಲಿಂದ ಮೇಲೆ ಕಾಣಬಾರದು. ಶ್ರೀಮಂತರ ಮನೆಯ ಸೊಸೆ ಎಂದ ಮೇಲೆ ಅಡುಗೆಮನೆಯಲ್ಲೂ ಝರಿ ಬೇಕು. ಚಿಕ್ಕಪೇಟೆಯಲ್ಲಿ ಕಡಿಮೆ ಬೆಲೆಯ ಆರ್ಟ್ ಸಿಲ್ಕ್ ಕೊಂಡು, ಒಂದು ಕಪ್ಪು, ಒಂದು ಬಂಗಾರ ಬಣ್ಣದ ರವಿಕೆಯನ್ನು ಎಲ್ಲಕ್ಕೂ ಹೊಂದಿಸಿ, ಉಳಿದದ್ದನ್ನು ಬೇರೆ ಧಾರಾವಾಹಿಗಳಲ್ಲಿದ್ದ ಗೆಳತಿಯರೊಂದಿಗೆ ಅದಲುಬದಲು ಮಾಡಿಕೊಳ್ಳುತ್ತಿದ್ದೆವು. ನನ್ನ ಒಂದು ನೇರಳೆ ಸೀರೆ ಮೂರು ವಾಹಿನಿಗಳಲ್ಲಿ ಮೂವರು ಸೊಸೆಯರ ಮೈಮೇಲೆ ಪ್ರಸಾರವಾಗಿದೆ.

ಟಿಡಿಎಸ್ ಬಗ್ಗೆ ಇನ್ನೊಂದು ಮಾತು. ವರ್ಷದ ಆದಾಯ ತೆರಿಗೆಯ ಮಿತಿಗಿಂತ ಕಡಿಮೆಯಿದ್ದರೂ ರಿಟರ್ನ್ ಸಲ್ಲಿಸಬೇಕು, ಸಲ್ಲಿಸಿದರೆ ಕಡಿತವಾದ ಹಣ ಹಿಂದಿರುಗುತ್ತದೆ ಎಂಬುದನ್ನು ಸೆಟ್ಟಿನಲ್ಲಿ ಯಾರೂ ಹೇಳುವುದಿಲ್ಲ. ಪರಿಚಯದ ಲೆಕ್ಕಿಗರೊಬ್ಬರ ನೆರವಿನಿಂದ ನನ್ನ ಹೆಸರಿನಲ್ಲಿ ಇಲಾಖೆಗೆ ಜಮೆಯಾದ ತೆರಿಗೆಯ ವಿವರವಿರುವ 26ಎಎಸ್ ಪಟ್ಟಿ ತೆಗೆಸಿ ನೋಡಿದಾಗ, ಒಂದು ನಿರ್ಮಾಣ ಸಂಸ್ಥೆ ನನ್ನಿಂದ ಕಡಿದ ಹಣವನ್ನು ಇಲಾಖೆಗೆ ಕಟ್ಟಿಯೇ ಇರಲಿಲ್ಲ. ಹಲವು ತಿಂಗಳು ಬೆನ್ನುಬಿದ್ದ ಮೇಲೆ ಕಟ್ಟಿದರು. ಆ ಬಳಿಕ ಅವರಿಂದ ಕರೆ ಬರಲಿಲ್ಲ, ನಾನೂ ಕಾಯಲಿಲ್ಲ.

ಎರಡನೆಯ ಧಾರಾವಾಹಿ 2019ರ ಕೊನೆಗೆ ಸಿಕ್ಕಿತು, ಮತ್ತು ಅದು ಮರಾಠಿ ಧಾರಾವಾಹಿಯೊಂದರ ರೀಮೇಕ್. ವಾಹಿನಿ ಸಮೂಹಗಳು ಒಂದು ಭಾಷೆಯಲ್ಲಿ ಗೆದ್ದ ಕಥೆಯನ್ನು ತಮ್ಮ ಇತರ ಭಾಷೆಗಳಿಗೆ ಒಯ್ಯುವುದು ಆಗಲೇ ರೂಢಿಯಾಗಿತ್ತು. ನಾಯಕಿಯ ನಾದಿನಿ ನಾನು. ಈ ಸಲ ಖಳಪಾತ್ರವೆಂದು ಮೊದಲೇ ಸ್ಪಷ್ಟಪಡಿಸಿದ್ದರು. ನನಗೆ ಆಸೆ ಚಿಗುರಿತು. ಮೂಲವನ್ನು ನೋಡಿದರೆ ಈಕೆಯ ಕೊನೆ ಗೊತ್ತಾಗುತ್ತದೆ, ತಾಲೀಮಿನಂತೆ ಪಾತ್ರವನ್ನು ಕೊನೆಯಿಂದ ಹಿಂದಕ್ಕೆ ಕಟ್ಟಬಹುದು ಎಂದುಕೊಂಡು, ರಾತ್ರಿ ನಿದ್ದೆಗೆಟ್ಟು ಮೊಬೈಲಿನಲ್ಲಿ ಮರಾಠಿ ಸಂಚಿಕೆಗಳನ್ನು ನೋಡಿ ಟಿಪ್ಪಣಿ ಮಾಡಿದೆ. ಅಲ್ಲಿ ನಾದಿನಿಗೆ ಓದು ತಪ್ಪಿದ ಹಳೆಯ ಸಿಟ್ಟಿದೆ. ಕೊನೆಗೆ ಅಣ್ಣನ ಮುಂದೆ ಅದನ್ನು ಆಡಿ ಹಗುರಾಗುತ್ತಾಳೆ. ಕನ್ನಡದಲ್ಲಿ ಐವತ್ತು ಸಂಚಿಕೆ ದಾಟುವ ಹೊತ್ತಿಗೆ ಕಥೆ ಮೂಲವನ್ನು ಬಿಟ್ಟು ಬೇರೆ ದಾರಿ ಹಿಡಿಯಿತು. ನಮ್ಮ ಪ್ರೇಕ್ಷಕರಿಗೆ ನಾದಿನಿಯ ಸಿಟ್ಟಿಗಿಂತ ಆಕೆಯ ಕುತಂತ್ರ ಹಿಡಿಸಿದೆ ಎಂದು ಅಂಕಿಗಳು ಹೇಳಿದವಂತೆ. ಟಿಪ್ಪಣಿಯ ಪುಸ್ತಕ ಮುಚ್ಚಿದೆ, ಆದರೆ ಆ ಓದು ತಪ್ಪಿದ ಸಿಟ್ಟನ್ನು ಮಾತ್ರ ಬಿಡಲಿಲ್ಲ. ಪೇಪರಿನಲ್ಲಿ ಏನೇ ಇರಲಿ, ಯಾರಾದರೂ ಪುಸ್ತಕ ಹಿಡಿದು ಎದುರಿಗೆ ಬಂದರೆ ನನ್ನ ನಾದಿನಿಯ ಕಣ್ಣು ಒಮ್ಮೆ ಅದರ ಮೇಲೆ ಹೋಗಿ ಬರುತ್ತಿತ್ತು. ಅದನ್ನು ಯಾರಿಗೂ ಹೇಳಿರಲಿಲ್ಲ. ಕ್ಯಾಮೆರಾಮನ್ ಗಮನಿಸಿ, ಒಂದು ದಿನ ತಾವಾಗಿಯೇ ಪುಸ್ತಕದ ಒಂದು ಕ್ಲೋಸ್ ತೆಗೆದುಕೊಂಡರು. ಸಂಭಾಷಣೆಕಾರರು ಅದನ್ನು ನೋಡಿ ಎರಡು ವಾರಗಳ ಬಳಿಕ ಅದಕ್ಕೊಂದು ದೃಶ್ಯ ಬರೆದರು. ಬರೆಯುವವರೂ ನಮ್ಮನ್ನು ನೋಡುತ್ತಿರುತ್ತಾರೆಂಬುದು ನನಗೆ ಹೊಳೆದದ್ದು ಆಗ. ಕೊನೆ ಗೊತ್ತಿಲ್ಲದ ಪಾತ್ರಕ್ಕೆ ಒಂದು ಗತವನ್ನಾದರೂ ನಾನೇ ಕೊಟ್ಟುಕೊಳ್ಳಬಹುದು. ಅದನ್ನು ಯಾವ ಗುರುವಾರವೂ ಕಿತ್ತುಕೊಳ್ಳಲಾರದು.

2020ರ ಮಾರ್ಚ್‌ನಲ್ಲಿ ಎಲ್ಲವೂ ನಿಂತಿತು. ಹೊಸ ಸಂಚಿಕೆಗಳಿಲ್ಲದೆ ವಾಹಿನಿಗಳು ಹಳೆಯದನ್ನೇ ತೋರಿಸಿದವು; ಆಮೇಲೆ ಹಿಂದಿಯಿಂದ ಡಬ್ ಆದ ಪೌರಾಣಿಕ ಧಾರಾವಾಹಿಗಳು ಬಂದು ಜನಪ್ರಿಯವೂ ಆದವು. ಡಬ್ಬಿಂಗ್ ಬೇಡವೆಂದು ದಶಕಗಳಿಂದ ಹಟ ಹಿಡಿದಿದ್ದ ಉದ್ಯಮದಲ್ಲಿ ಅದು ಸಣ್ಣ ಸಂಗತಿಯಲ್ಲ. ಜನ ಇದಕ್ಕೇ ಒಗ್ಗಿದರೆ ನಮಗೆ ಕೆಲಸ ಎಲ್ಲಿ ಎಂಬ ಭಯ ವಾಟ್ಸ್‌ಆ್ಯಪ್ ಗುಂಪುಗಳಲ್ಲಿ ದಿನವೂ ಸುತ್ತುತ್ತಿತ್ತು. ಜನವರಿಯ ದುಡ್ಡೂ ಬಂದಿರದ ಆ ದಿನಗಳನ್ನು ಊರಿನಲ್ಲಿ ಕಳೆದೆ. ಮೇ ತಿಂಗಳಲ್ಲಿ ಒಳಾಂಗಣ ಚಿತ್ರೀಕರಣಕ್ಕೆ ಸರ್ಕಾರ ಅನುಮತಿ ಕೊಟ್ಟ ಮೇಲೆ ಕಡಿಮೆ ಜನರನ್ನಿಟ್ಟುಕೊಂಡು ಕೆಲಸ ಶುರುವಾಯಿತು. ನಮ್ಮ ಧಾರಾವಾಹಿಯಲ್ಲಿ ವಯಸ್ಸಾದ ಕಲಾವಿದರನ್ನು ಕರೆಸುವಂತಿರಲಿಲ್ಲವಾದ್ದರಿಂದ ಅಜ್ಜಿ ಕಾಶಿಗೆ ಹೋದಳು. ಕಾಶಿಗೂ ಬಸ್ಸು ರೈಲು ಇಲ್ಲದ ಕಾಲದಲ್ಲಿ ಹೇಗೆ ಹೋದಳೆಂದು ಯಾರೂ ಕೇಳಲಿಲ್ಲ.

ಖಳನಾಯಕಿಗೆ ಬೀದಿಯಲ್ಲಿ ಬೈಗುಳ ಬೀಳುತ್ತದೆಂದು ಹೇಳುವುದುಂಟು. ನನಗೆ ಬಿದ್ದದ್ದು ಕಡಿಮೆ. ಹಾವೇರಿಯ ಬಸ್ ನಿಲ್ದಾಣದಲ್ಲಿ ಒಬ್ಬ ಹೆಂಗಸು ಕೈ ಹಿಡಿದು ನಿಲ್ಲಿಸಿ, ‘ಆಕಿ ಗಂಡಂದು ಫೋನ್ ಕದ್ದ್ಯಲಾ, ಅದನ್ನ ಎಲ್ಲಿಟ್ಟಿ?’ ಎಂದು ನಿಜವಾದ ಕುತೂಹಲದಿಂದ ಕೇಳಿದರು. ಅವರ ಊಹೆಯನ್ನೇ ಕೇಳಿದೆ. ಅಕ್ಕಿ ಡಬ್ಬಿಯಲ್ಲಿ ಎಂದರು. ಕಥೆ ಬರೆಯುವವರಿಗೆ ತಿಳಿಸಿದೆ, ಒಪ್ಪಲಿಲ್ಲ.

2021ರ ಎರಡನೇ ಅಲೆಯಲ್ಲಿ ಕರ್ನಾಟಕದಲ್ಲಿ ಚಿತ್ರೀಕರಣ ನಿಂತಾಗ ಕೆಲವು ಕನ್ನಡ ತಂಡಗಳು ಹೈದರಾಬಾದಿನ ರಾಮೋಜಿ ಫಿಲ್ಮ್ ಸಿಟಿಗೆ ಹೋದವು, ನಮ್ಮದೂ ಅದರಲ್ಲೊಂದು. ಅಲ್ಲಿದ್ದಾಗಲೇ ತೆಲುಗಿನಿಂದ ಕರೆ ಬಂತು. ತೆಲುಗು ಧಾರಾವಾಹಿಗಳಲ್ಲಿ ಕನ್ನಡದ ನಟಿಯರು ಬಹಳ; ಸಂಭಾವನೆ ಹೆಚ್ಚು, ತಿಂಗಳಿಗೆ ಇಷ್ಟು ದಿನವೆಂದು ಮೊದಲೇ ನಿಗದಿಯಾಗುವುದರಿಂದ ಉಳಿದ ದಿನ ಕನ್ನಡದಲ್ಲಿ ದುಡಿಯಬಹುದು. ರಾತ್ರಿ ಬಸ್ಸಿನಲ್ಲಿ ಹೊರಟು ಬೆಳಿಗ್ಗೆ ಅಮೀರ್‌ಪೇಟೆಯ ಸಾರಥಿ ಸ್ಟುಡಿಯೊದಲ್ಲಿ ಮೇಕಪ್ಪಿಗೆ ಕೂರುವುದು ಅಭ್ಯಾಸವಾಯಿತು. ಅಲ್ಲಿ ನಮ್ಮ ದನಿಯನ್ನು ಡಬ್ಬಿಂಗ್ ಕಲಾವಿದೆ ಕೊಡುತ್ತಾರೆ, ಆದ್ದರಿಂದ ಟೇಕ್ ನಡೆಯುವಾಗಲೇ ಪ್ರಾಂಪ್ಟರ್ ಸಾಲು ಸಾಲಾಗಿ ಮಾತು ಒದಗಿಸುತ್ತಾನೆ. ನನ್ನ ಮಾತಿನ ಧಾಟಿ ಅಲ್ಲಿ ಯಾರಿಗೂ ಬೇಕಿರಲಿಲ್ಲ, ಯಾರನ್ನೂ ಬಾಧಿಸಲೂ ಇಲ್ಲ. ದನಿಯೇ ನನ್ನದಲ್ಲದ ಮೇಲೆ ನಟನೆ ಎಷ್ಟು ನನ್ನದು ಎಂದು ಹೆಗ್ಗೋಡಿನ ಗೆಳೆಯರು ಕೇಳುತ್ತಾರೆ. ಅರ್ಧದಷ್ಟು ಎಂದೇ ನಾನೂ ಅಂದುಕೊಂಡಿದ್ದೇನೆ, ಮತ್ತು ಆ ಅರ್ಧದ ಸಂಬಳದಿಂದಲೇ ಹಾನಗಲ್ಲಿನ ಮನೆಯ ಮಾಳಿಗೆ ತೆಗೆಸಿ ಆರ್‌ಸಿಸಿ ಹಾಕಿಸಿದ್ದೇನೆ.

ಈಗ ಯಾವ ಪಾತ್ರ ಬಂದರೂ ಕೇಳುವ ಪ್ರಶ್ನೆಗಳು ಬದಲಾಗಿವೆ. ಪಾಸಿಟಿವೋ ನೆಗೆಟಿವೋ ಎಂದು ಕೇಳುವುದನ್ನು ಬಿಟ್ಟೆ. ಈಕೆ ಈ ಮನೆಗೆ ಬರುವ ಮೊದಲು ಎಲ್ಲಿದ್ದಳು, ಏನು ಓದಿದ್ದಾಳೆ, ಅವಳ ಕೈಯಲ್ಲಿ ದುಡ್ಡು ಎಷ್ಟು ಓಡಾಡುತ್ತದೆ, ಮತ್ತು ಪೇಮೆಂಟ್ ಎಷ್ಟು ದಿನಕ್ಕೆ ಎಂದು ಕೇಳುತ್ತೇನೆ. ಕೊನೆಯದಕ್ಕೆ ಮಾತ್ರ ಲಿಖಿತ ಉತ್ತರ ಪಡೆಯುತ್ತೇನೆ. ಕಳೆದ ತಿಂಗಳು ಒಪ್ಪಿದ ಕನ್ನಡ ಧಾರಾವಾಹಿಯಲ್ಲಿ ನಾನು ಮೊದಲ ಬಾರಿಗೆ ನಾಯಕಿ. ಹುಬ್ಬಳ್ಳಿ ಕಡೆಯ ಹೆಣ್ಣು, ಮಾತೂ ಆ ಸೀಮೆಯದೇ, ಸೀರೆ ನಿರ್ಮಾಪಕರದು. ಕಥೆ ನೂರು ಸಂಚಿಕೆವರೆಗೆ ಪಕ್ಕಾ ಆಗಿದೆ ಎಂದಿದ್ದಾರೆ. ರವಿಕೆಗಳ ಅಳತೆ ತೆಗೆದುಕೊಂಡು ಹೋಗಿದ್ದಾರೆ. ಸೀನ್ ಪೇಪರ್ ಇನ್ನೂ ಬಂದಿಲ್ಲ.